ಜೋಡಿಗೊಂದು ಬೀಗ

"ಬೀಗದ ಕೈ ಮಾಡಿಕೊಟ್ಟಿಲ್ಲ ಕಣಮ್ಮ. ಒಂದೂ ಇಲ್ಲ, ಅರ್ಧವೂ ಇಲ್ಲ. ಇನ್ನೂ ಹೊಡೀಬೇಕು ಅಂದ್ರೆ ಹೊಡೀರಿ, ಈ ಕಡೆ ಕೆನ್ನೆ ಖಾಲಿ ಇದೆ."

ಕಮ್ಮಾರ ಗೊಬೆಜೆಯ ಎಡಗಣ್ಣು ಊದಿ ಮುಚ್ಚಿಹೋಗಿತ್ತು. ಬೆಳಿಗ್ಗೆ ಊರಿನ ಹಿರಿಯರು ಕಳಿಸಿದ ನಾಲ್ಕು ಜನ ಬಂದು ಅವನನ್ನು ವಿಚಾರಿಸಿಕೊಂಡು ಹೋಗಿದ್ದರು. ಲಕೆಚ್ ಕುಲುಮೆಯ ಬೂದಿಯ ಪಕ್ಕದಲ್ಲಿ ನೆಲಕ್ಕೇ ಕೂತಳು.

"ನಾನು ಹೊಡೆಯೋಕೆ ಬಂದಿಲ್ಲಪ್ಪ. ದಮ್ತೆಯ ಅಕ್ಕ ನಾನು."

"ಓ, ಗೊಂದರ್ ಪೊಲೀಸಮ್ಮ." ಗೊಬೆಜೆ ಒಂದೇ ಕಣ್ಣಿನಲ್ಲಿ ಅವಳನ್ನು ಅಳೆದ. "ತಮ್ಮನಿಗೆ ಕೈ ಮಾಡಿಕೊಟ್ಟೆ ಅಂತ ನನ್ನ ಬಾಯಲ್ಲಿ ಹೊರಡಿಸ್ಬೇಕು ಅಂತ ಅವರಿದ್ರು. ಮಾಡಿಕೊಟ್ಟಿಲ್ಲ ಅಂತ ಹೊರಡಿಸೋಕೆ ನೀವು ಬಂದ್ರಿ. ಯಾರು ಬಂದ್ರೂ ನನ್ನ ಬಾಯಿಗೇ ಕೆಲಸ."

ಲಕೆಚ್ ಗೊಂದರ್ ಪಟ್ಟಣದ ಠಾಣೆಯಲ್ಲಿ ಹೆಣ್ಣು ಕೈದಿಗಳನ್ನು ಕಾಯುತ್ತಲೇ ಕೂದಲು ನರೆಸಿಕೊಂಡವಳು. ಸುಳ್ಳು ಹೇಳುವವರನ್ನು ಅವಳು ಬೇಕಾದಷ್ಟು ಕಂಡಿದ್ದಳು. ಈ ಮನುಷ್ಯ ಸುಳ್ಳು ಹೇಳುತ್ತಿರಲಿಲ್ಲ, ಅವಳ ಸಂಕಟವೇ ಅದು. ಸುಳ್ಳಾಗಿದ್ದರೆ ಹಿಡಿದು ಎಳೆಯಲು ಒಂದು ಎಳೆಯಾದರೂ ಸಿಗುತ್ತಿತ್ತು.

ಅಂಬಾ ಗೆಲಾ ಊರಿನ ಇಗರ್ಜಿಯ ಭಂಡಾರದಿಂದ ಮೆರವಣಿಗೆಯ ಬೆಳ್ಳಿ ಶಿಲುಬೆ ಮಾಯವಾಗಿ, ಬಾಗಿಲಿನ ಆರೂ ಬೀಗ ಹಾಕಿದ ಹಾಗೇ ಇದ್ದು, ಕಳವು ಅವಳ ತಮ್ಮ ದಮ್ತೆಯ ತಲೆಯ ಮೇಲೆ ಬಂದು ಕೂತಿತ್ತು. ಊರಿನ ಪದ್ಧತಿಯ ಪ್ರಕಾರ ಗಂಡಸರನ್ನೆಲ್ಲ ಇಗರ್ಜಿಯ ಮುಂದಿನ ಮುಳ್ಳುಬೇಲಿಯೊಳಗೆ ಕೂಡಿಹಾಕಿದ್ದರು. ಕಳ್ಳ ಗೊತ್ತಾಗುವ ತನಕ ಒಬ್ಬನೂ ಮನೆಗೆ ಹೋಗುವಂತಿಲ್ಲ. ಹೊಲದಲ್ಲಿ ತೆಫ್ ಪೈರು ಬಲಿತು ನೆಲಕ್ಕೆ ಒರಗುತ್ತಿತ್ತು, ಹಟ್ಟಿಯಲ್ಲಿ ಹಸುಗಳು ಅರಚುತ್ತಿದ್ದವು. ಇಂಥ ಹೊತ್ತಿನಲ್ಲಿ ಜನ ಸತ್ಯಕ್ಕಾಗಿ ಕಾಯುವುದಿಲ್ಲ, ಯಾವುದಾದರೂ ಒಂದು ಹೆಸರು ಸಿಕ್ಕಿದರೆ ಎದ್ದು ಹೊರಡುತ್ತಾರೆ. ಅವರಿಗೆ ಸಿಕ್ಕಿದ್ದು ದಮ್ತೆಯ ಹೆಸರು.

ಸಿಗುವುದಕ್ಕೆ ಅವನೇ ಕಾರಣ. ಸಂತೆಯ ದಿನ ಊರು ಬರಿದಾಗಿದ್ದಾಗ ಭಂಡಾರದ ಬಾಗಿಲು ತೆರೆದದ್ದನ್ನು ಕಂಡೆ ಎಂದು ಹಿರಿಯರ ಗುಟ್ಟಿನ ಸಾಕ್ಷಿ ಹೇಳಿತ್ತು. ಆ ಸಾಕ್ಷಿಯನ್ನು ಊರವರು 'ಹಕ್ಕಿ' ಎನ್ನುತ್ತಾರೆ, ಅದು ಯಾರೆಂದು ಕೇಳುವಂತಿಲ್ಲ. ಬೀಗದ ಕೈ ಇಟ್ಟುಕೊಂಡವರು ನಾಲ್ವರು. ಖೇಸ್ ಎಂದು ಕರೆಸಿಕೊಳ್ಳುವ ಪೂಜಾರಿ ಮೆಲಕು ಪವಿತ್ರ ಪುಸ್ತಕದ ಮೇಲೆ ಕೈಯಿಟ್ಟು, 'ಆ ದಿನ ನಾನು ಬಾಗಿಲು ತೆಗೆದಿಲ್ಲ' ಎಂದು ಆಣೆ ಮಾಡಿದರು. ದನಕರುಗಳ ಸಾಹುಕಾರ ಅಯಲ್ನೆಹ್ ಕೂಡ ಮಾಡಿದ. ಎಮಹೋಯ್ ಎಂದು ಎಲ್ಲರೂ ಕರೆಯುವ ಮುದುಕಿ ಸನ್ಯಾಸಿನಿ ಜೆನೆಬೆಚ್ ಸೊಂಟ ಮುರಿದುಕೊಂಡು ಹಾಸಿಗೆ ಹಿಡಿದಿದ್ದರಿಂದ ಅವಳನ್ನು ಯಾರೂ ಕೇಳಲಿಲ್ಲ. ನಾಲ್ಕನೆಯವನು ದಮ್ತೆ. ಅವನು ಪುಸ್ತಕವನ್ನು ನೋಡಿದ, ತಲೆ ತಗ್ಗಿಸಿದ, "ನನ್ನಿಂದ ಆಗಲ್ಲ" ಎಂದ. ಅಷ್ಟೇ.

ಯಾವ ಮೂವರು ಕೂಡಿದರೂ ಬಾಗಿಲು ತೆರೆಯುತ್ತದೆ, ಯಾವ ಇಬ್ಬರು ಕೂಡಿದರೂ ತೆರೆಯುವುದಿಲ್ಲ. ಹಾಗೆ ಮಾಡಿಟ್ಟ ಬಾಗಿಲು ಅದು. ಉಳಿದವರು ಕೈಜೋಡಿಸಿಲ್ಲ ಅಂದಮೇಲೆ ದಮ್ತೆ ಕಮ್ಮಾರನ ಹತ್ತಿರ ಕಳ್ಳ ಕೈ ಮಾಡಿಸಿದ್ದಾನೆ ಎಂದು ಊರು ತೀರ್ಮಾನಿಸಿತು. ಹೊತ್ತು ಮುಳುಗಿದ ಕೂಡಲೇ ಶಾಪ ಓದುತ್ತಾರೆ. ಆಮೇಲೆ ಅವನಿಗೆ ಯಾರೂ ಬೆಂಕಿ ಕೊಡುವುದಿಲ್ಲ, ನೀರು ಕೊಡುವುದಿಲ್ಲ. ಸತ್ತರೆ ಇಗರ್ಜಿಯ ಅಂಗಳದಲ್ಲಿ ಮೂರು ಮೊಳ ಜಾಗ ಸಿಗುವುದಿಲ್ಲ, ಹೆಣವನ್ನು ಕಮರಿಗೆ ಎಸೆಯಬೇಕು.

ಬಿಸಿಲು ಆಗಲೇ ಕುಲುಮೆಯ ಹೊಸ್ತಿಲು ದಾಟಿ ಓರೆಯಾಗಿತ್ತು.

"ಕೈ ಮಾಡಿಲ್ಲ, ಸರಿ," ಎಂದಳು ಲಕೆಚ್. "ಆ ಬಾಗಿಲಿಗೆ ಸಂಬಂಧಪಟ್ಟ ಹಾಗೆ ಬೇರೇನಾದ್ರೂ ಮಾಡಿದ್ದೀಯಾ?"

"ಬೀಗ ಮಾಡಿದ್ದೀನಿ."

"ಯಾವಾಗ?"

"ಮಳೆ ಹಿಡಿಯೋಕೆ ಮುಂಚೆ. ಒಂದು ತುಕ್ಕು ಹಿಡಿದು ಕೂತುಬಿಟ್ಟಿತ್ತಂತೆ, ಮುರಿದು ಕಮರಿಗೆ ಎಸೆದರಂತೆ. ಅದರ ಬದಲಿಗೆ ಒಂದು."

"ಬೆಳಿಗ್ಗೆ ಬಂದವರಿಗೆ ಇದನ್ನ ಹೇಳಿದ್ಯಾ?"

"ಅವರು ಬೀಗದ ವಿಷಯ ಕೇಳಲಿಲ್ಲ. ಕೈ ಕೈ ಅಂತ ಕೈ ಮಾಡಿದರು."

ಲಕೆಚ್ ಮುಂದಕ್ಕೆ ಬಾಗಿದಳು. "ಯಾರು ಬಂದು ಹೇಳಿದ್ರು? ನೀನು ಏನು ನೋಡಿ ಮಾಡಿದೆ?"

ಗೊಬೆಜೆ ನಕ್ಕ. ನಕ್ಕಿದ್ದಕ್ಕೆ ತುಟಿ ನೊಂದು ಮುಖ ಹಿಂಡಿದ. "ನನಗೆ ಬಾಗಿಲು ತೋರಿಸ್ತಾರೇನಮ್ಮ? ಕಮ್ಮಾರ ಇಗರ್ಜಿಯ ಬೇಲಿ ದಾಟಿದ್ರೆ ಕಣ್ಣು ತಾಗುತ್ತೆ, ಹಾಲು ಒಡೆಯುತ್ತೆ, ಹೆಂಗಸರ ಬಸಿರು ಇಳಿಯುತ್ತೆ. ಗೋಡೆ ಆಚೆ ನಿಂತಿದ್ದೆ. ಒಂದು ಬಟ್ಟೆಗಂಟು ಗೋಡೆ ಮೇಲಿಂದ ಬಿತ್ತು. ಬಿಚ್ಚಿದ್ರೆ ಒಂದು ಬೀಗದ ಕೈ. 'ಇದಕ್ಕೆ ಸರಿಯಾಗಿ ಒಂದು ಬೀಗ ಮಾಡು' ಅಂತ ದನಿ ಬಂತು. ಮಾಡಿದೆ. ಕೈಯನ್ನೂ ಬೀಗವನ್ನೂ ಅದೇ ಬಟ್ಟೇಲಿ ಕಟ್ಟಿ ಅದೇ ಗೋಡೆ ಮೇಲಿಂದ ವಾಪಸ್ ಎಸೆದೆ."

"ಯಾರ ದನಿ?"

"ಪೂಜಾರಿಗಳ ಕಡೆಯೋರು ಮಾತಾಡಿದಾಗ ನಾವು ನೆಲ ನೋಡ್ಬೇಕು. ನೆಲಕ್ಕೆ ದನಿ ಗುರುತು ಇರಲ್ಲ."

"ಮುರಿದ ಬೀಗದ ಕೈನೇ ಎಸೆದ್ರಾ? ಬೇರೆ ಬೀಗದ್ದು ಎಸೆದ್ರಾ?"

"ನನಗೇನು ಗೊತ್ತು? ಎಲ್ಲಾ ನಮ್ಮಪ್ಪನ ಕೈಯಚ್ಚು, ಒಂದರ ತರಾನೇ ಇನ್ನೊಂದು. ಗಂಟಿನಲ್ಲಿ ಯಾವುದಿತ್ತೋ ಅದಕ್ಕೆ ಮಾಡಿದೆ."

ಲಕೆಚ್ ಸೆರಗಿನ ಗಂಟು ಬಿಚ್ಚಿ ಹುರಿದ ಬಾರ್ಲಿಯನ್ನೂ ಕಡಲೆಯನ್ನೂ ಅಡಿಗಲ್ಲಿನ ಮೇಲೆ ಸುರಿದಳು. ಒಂದು ಹಿಡಿಯನ್ನು ಗೊಬೆಜೆಯ ಅಂಗೈಗೇ ಹಾಕಿದಳು. ಕಮ್ಮಾರನ ಕಣ್ಣೆದುರು ಆ ಸೀಮೆಯಲ್ಲಿ ಯಾರೂ ತಿನ್ನುವುದಿಲ್ಲ. ಅವನು ಕಾಳನ್ನು ನೋಡುತ್ತ ಕೂತ, ಬಾಯಿಗೆ ಹಾಕಿಕೊಳ್ಳಲು ಅವನಿಗೆ ಧೈರ್ಯ ಸಾಲಲಿಲ್ಲ.

ಅವಳು ನಾಲ್ಕು ಕಡಲೆಕಾಳನ್ನು ಬೇರೆ ಮಾಡಿ ಸಾಲಾಗಿ ಇಟ್ಟಳು. ಮೆಲಕು, ಅಯಲ್ನೆಹ್, ಎಮಹೋಯ್, ದಮ್ತೆ.

ನಾಲ್ವರಲ್ಲಿ ಮೂವರನ್ನು ಆರಿಸುವುದೆಂದರೆ ಒಬ್ಬರನ್ನು ಬಿಡುವುದು. ಬಿಡಲಿಕ್ಕೆ ನಾಲ್ಕು ದಾರಿ, ಹಾಗಾಗಿ ಮೂವರ ಗುಂಪು ನಾಲ್ಕೇ. ಇಬ್ಬರನ್ನು ಆರಿಸುವುದಾದರೆ? ಮೊದಲ ಕಾಳಿಗೆ ಉಳಿದ ಮೂರು ಜೊತೆಗಾರರು. ಎರಡನೆಯದಕ್ಕೆ ಹೊಸದಾಗಿ ಇನ್ನಿಬ್ಬರು. ಮೂರನೆಯದಕ್ಕೆ ಕೊನೆಯ ಒಬ್ಬ. ಮೂರು, ಎರಡು, ಒಂದು.

ಆರು ಜೋಡಿ. ಬಾಗಿಲಿಗೂ ಆರು ಬೀಗ.

ಲಕೆಚ್ ಹುಟ್ಟಿ ಬೆಳೆದದ್ದು ಆ ಬಾಗಿಲಿನ ಎದುರಿನ ಓಣಿಯಲ್ಲಿ. ಆರು ಯಾಕೆ, ಐದು ಯಾಕಲ್ಲ ಎಂದು ಒಂದು ದಿನವೂ ಕೇಳಿರಲಿಲ್ಲ. ಹಬ್ಬದ ತಿಥಿಗಳನ್ನು ಬೆರಳಿನಲ್ಲೇ ಎಣಿಸುತ್ತಿದ್ದ ಹಳೆಯ ಗುರು ಒಬ್ಬರು ಈ ಏರ್ಪಾಡು ಮಾಡಿ ಕಣ್ಣುಮುಚ್ಚಿದ್ದರು. ಅವರ ತಲೆಯೊಳಗೆ ಏನಿತ್ತೆಂದು ಅವಳಿಗೆ ಈಗ ಕಂಡಿತು. ಒಂದೊಂದು ಜೋಡಿಗೆ ಒಂದೊಂದು ಬೀಗ. ಆ ಜೋಡಿಯ ಇಬ್ಬರಿಗೂ ಆ ಬೀಗದ ಕೈ ಇಲ್ಲ, ಉಳಿದ ಇಬ್ಬರಿಗೂ ಇದೆ. ಹಾಗಾಗಿ ಒಬ್ಬೊಬ್ಬರ ಗೊಂಚಲಿನಲ್ಲೂ ಮೂರು ಮೂರು ಕೈ. ಯಾರಿಬ್ಬರು ಕಳ್ಳಬುದ್ಧಿಯಿಂದ ಬಂದರೂ ಐದು ಬೀಗ ತೆಗೆದು ತಮ್ಮದೇ ಬೀಗದೆದುರು ನಿಲ್ಲಬೇಕು. ಮೂರನೆಯವನು ಯಾರೇ ಬರಲಿ, ಅವನ ಹತ್ತಿರ ಅದರ ಕೈ ಇದ್ದೇ ಇರುತ್ತದೆ. ಯಾವ ಇಬ್ಬರನ್ನೂ ಒಟ್ಟಿಗೆ ನಂಬದಿದ್ದ ಗುರು ಎಲ್ಲರ ಮೇಲೂ ಸಮನಾಗಿ ಸಂಶಯಪಟ್ಟಿದ್ದರು. ಒಳ್ಳೆಯ ಮನುಷ್ಯ.

"ಗಂಟಿನಲ್ಲಿ ಬಂದದ್ದು ತಪ್ಪು ಕೈ ಆಗಿದ್ರೆ," ಎಂದಳು ಲಕೆಚ್ ನಿಧಾನವಾಗಿ, "ಈಗ ಎರಡು ಬೀಗಕ್ಕೆ ಒಂದೇ ಕೈ. ಹೊಸ ಬೀಗ ಯಾವ ಜೋಡಿಯನ್ನ ತಡೀಬೇಕಿತ್ತೋ ಆ ಜೋಡಿ ಹತ್ತಿರ ಅದರ ಕೈ ಈಗ ಇರುತ್ತೆ. ಉಳಿದ ಐದರ ಕೈ ಅವರಿಬ್ಬರ ನಡುವೆ ಮೊದಲಿಂದಲೂ ಇದೆಯಲ್ಲ."

"ಅಂದ್ರೆ?"

"ಅಂದ್ರೆ ಆ ಒಂದು ಜೋಡಿಗೆ ಮೂರನೆಯವರು ಬೇಡ."

"ಯಾವ ಜೋಡಿಗೆ?"

ಅದೇ ತಾನೆ ಪ್ರಶ್ನೆ. ಅವಳು ಕಾಳುಗಳನ್ನು ಜೋಡಿ ಜೋಡಿಯಾಗಿ ಸರಿಸಿ ನೋಡಿದಳು. ಆರು ಜೋಡಿಯಲ್ಲಿ ಮೂರರಲ್ಲಿ ದಮ್ತೆ ಇದ್ದ. ಮೂರರಲ್ಲಿ ಇರಲಿಲ್ಲ. ಅರ್ಧಕ್ಕರ್ಧ.

"ಹಬ್ಬದ ದಿನ ಎಲ್ಲರೂ ಇರ್ತಾರೆ, ತೆರೆಯೋ ತನಕ ಒಂದೊಂದೇ ಕೈ ತುರುಕಿ ನೋಡ್ತಾರೆ. ಹಾಗಾಗಿ ಯಾರಿಗೂ ಗೊತ್ತಾಗಿಲ್ಲ," ಎಂದಳು. "ಊರೆದುರು ಆರೂ ಜೋಡಿ ಮಾಡಿ ತೆಗೆಸಿ ನೋಡ್ತೀನಿ."

"ನಿಮ್ಮ ತಮ್ಮನಿರೋ ಜೋಡಿನೇ ಬಂದ್ರೆ?"

"ನೋಡದೇ ಇದ್ರೂ ಶಾಪ ಹೇಗೂ ಇದೆಯಲ್ಲಪ್ಪ." ಅವಳು ಎದ್ದಳು. ಕಾಲು ಜೋಮು ಹಿಡಿದಿತ್ತು. ಹೊರಗೆ ಬಂದ ಮೇಲೆ ಕುಲುಮೆಯಿಂದ ಕಡಲೆ ಕಡಿಯುವ ಸದ್ದು ಕೇಳಿಸಿತು.

*

ಎಮಹೋಯ್ ಜೆನೆಬೆಚ್‌ಳ ಗುಡಿಸಲಿನಲ್ಲಿ ಧೂಪದ ವಾಸನೆಗಿಂತ ಹುಣ್ಣಿನ ವಾಸನೆ ಹೆಚ್ಚಾಗಿತ್ತು. ತಾಯಿ ಸತ್ತ ಮೇಲೆ ಲಕೆಚ್‌ಳಿಗೂ ದಮ್ತೆಗೂ ಅನ್ನ ಹಾಕಿ ದೊಡ್ಡವರು ಮಾಡಿದವಳು ಇವಳು. ಈಗ ಕಂಬಳಿಯ ಕೆಳಗೆ ಒಂದು ಹಿಡಿಯಷ್ಟಾಗಿದ್ದಳು. ಬಾವಿಯ ಹತ್ತಿರ ಜಾರಿ ಬಿದ್ದಳೆಂದು ನೆರೆಯ ಹೆಂಗಸರು ಹೇಳಿದ್ದರು. ಕೊರಳಿನ ದಾರದಲ್ಲಿ ಮೂರು ಬೀಗದ ಕೈ ತೂಗುತ್ತಿದ್ದವು.

ಲಕೆಚ್ ಲೆಕ್ಕವನ್ನೆಲ್ಲ ಅವಳ ಕಿವಿಯ ಹತ್ತಿರ ಬಾಯಿಟ್ಟು ಹೇಳಿದಳು.

"ಆರೂ ಜೋಡಿ ನೋಡ್ತೀಯಾ?" ಎಂದಳು ಎಮಹೋಯ್.

"ಆರೂ."

"ಒಂದೆರಡು ಸಾಲದಾ ಮಗಾ?"

"ಒಂದು ಬಿಟ್ರೂ ಅಯಲ್ನೆಹ್ ಒಪ್ಪಲ್ಲ. ನಾನಾಗಿದ್ರೂ ಒಪ್ತಿರಲಿಲ್ಲ."

ಮುದುಕಿ ದಾರ ತೆಗೆಯಲು ಅನುವಾಗಲೆಂದು ತಲೆಯನ್ನು ಸ್ವಲ್ಪ ಎತ್ತಿದಳು.

"ದಮ್ತೆಗೆ ಹೇಳು. ನಾನು ಇಸ್ಕೊಂಡ ಮಾತನ್ನ ವಾಪಸ್ ಕೊಟ್ಟಿದ್ದೀನಿ ಅಂತ."

"ಯಾವ ಮಾತು?"

ಅವಳ ಕಣ್ಣು ಮುಚ್ಚಿತು. ಲಕೆಚ್ ಎರಡು ಸಲ ಕರೆದಳು, ಹಣೆ ಮುಟ್ಟಿ ನೋಡಿದಳು. ಸುಡುತ್ತಿತ್ತು. ಜ್ವರದ ಮಾತು ಎಂದುಕೊಂಡಳು. ಹಾಗಂದುಕೊಳ್ಳುವುದು ಅವಳಿಗೆ ಆ ಗಳಿಗೆಯಲ್ಲಿ ಬೇಕಾಗಿತ್ತು. ಇಗರ್ಜಿಯ ಕಡೆಗೆ ಅವಳು ಹೆಚ್ಚುಕಡಿಮೆ ಓಡಿದಳು.

*

"ಬಂದಳಪ್ಪ, ಪೊಲೀಸಮ್ಮ ಬಂದಳು," ಎಂದ ಅಯಲ್ನೆಹ್ ಬೇಲಿಯ ಒಳಗಿನಿಂದಲೇ. ಕುಲುಮೆಯ ಸುದ್ದಿ ಅವಳಿಗಿಂತ ಮುಂಚೆ ಬಂದಿತ್ತು. "ಗೊಂದರ್‌ನಲ್ಲಿ ಕಳ್ಳರನ್ನ ಕಡಲೆಕಾಳು ಎಣಿಸಿ ಹಿಡೀತಾರಂತೆ. ನಮ್ಮ ಹಸುಗಳ ಕೆಚ್ಚಲು ಒಡೀಲಿ, ಪರವಾಗಿಲ್ಲ. ಇವಳ ಎಣಿಕೆ ಮುಗೀಲಿ."

ಕೆಲವರು ನಕ್ಕರು. ಹೊಟ್ಟೆ ಹಸಿದವರ ನಗು, ಬೇಗ ನಿಂತಿತು. ಹಿರಿಯರಲ್ಲಿ ಹಿರಿಯನಾದ ತಫೆರೆ ಕೋಲು ಊರಿಕೊಂಡು ಲಕೆಚ್ ಹೇಳಿದ್ದನ್ನು ಕೊನೆಯ ತನಕ ಕೇಳಿದ. ಅರ್ಥವಾಗಲಿಲ್ಲ ಎಂದು ಇನ್ನೊಮ್ಮೆ ಹೇಳಿಸಿದ.

"ಸಂತೆ ದಿನ ನಾನು ಗೊಂದರ್‌ನಲ್ಲಿದ್ದೆ," ಎಂದರು ಖೇಸ್ ಮೆಲಕು ಮೆಲ್ಲಗೆ. ಬಿಳಿ ಪೇಟ, ಬಿಳಿ ಗಡ್ಡ, ಎದೆಗೆ ಒತ್ತಿಕೊಂಡ ದಪ್ಪ ಪುಸ್ತಕ. ದಮ್ತೆಯ ಪರವಾಗಿ ಆ ಊರಿನಲ್ಲಿ ನಾಲ್ಕು ಒಳ್ಳೆಯ ಮಾತು ಆಡಿದವರು ಅವರೊಬ್ಬರೇ. "ನನ್ನನ್ನೂ ಸೇರಿಸ್ತೀಯಾ ತಾಯಿ?"

"ನೀವು ಗೊಂ­ದರ್‌ಗೆ ಹೋಗಿದ್ರಿ. ಗೊಂಚಲು ಎಲ್ಲಿತ್ತು ಅಂತ ಆಣೆ ಮಾಡಿಲ್ಲವಲ್ಲ. ಎಲ್ಲರನ್ನೂ ಸೇರಿಸ್ತೀನಿ."

"ಸೇರಿಸು, ಸೇರಿಸು. ನ್ಯಾಯ ಅಂದ್ರೆ ಹಾಗೇ ಇರಬೇಕು." ಅವರು ಬೇಸರವಿಲ್ಲದೆ ತಮ್ಮ ಗೊಂಚಲನ್ನು ಕೊಟ್ಟರು. ಕೊನೆಗೆ ತಫೆರೆಯೂ ತಲೆಯಾಡಿಸಿದ.

ಭಂಡಾರ ಎಂದರೆ ಇಗರ್ಜಿಗೆ ತಾಗಿಕೊಂಡಿರದ ಒಂದು ಕಲ್ಲಿನ ಕೋಣೆ. ಬಾಗಿಲಿನ ಮೇಲೆ ಎರಡು ಸಾಲು, ಸಾಲಿಗೆ ಮೂರು ಬೀಗ. ಆರೂ ಒಂದೇ ಕಪ್ಪು, ಒಂದೇ ತುಕ್ಕು. ಒಂದು ಮಳೆಗಾಲ ತಿಂದ ಹೊಸದಕ್ಕೂ ಹಳೆಯದಕ್ಕೂ ವ್ಯತ್ಯಾಸವೇ ಇರಲಿಲ್ಲ.

ತಮ್ಮನಿಲ್ಲದ ಜೋಡಿಗಳನ್ನು ಲಕೆಚ್ ಮೊದಲು ಇಟ್ಟುಕೊಂಡಳು. ಮೂರರಲ್ಲಿ ಒಂದು ಜೋಡಿ ಬಾಗಿಲು ತೆರೆದರೆ ಸಾಕು, ಅವನು ಮನೆಗೆ ಬರುತ್ತಾನೆ.

ಮೆಲಕು ಮತ್ತು ಅಯಲ್ನೆಹ್. ಇಬ್ಬರ ಆರು ಕೈಗಳನ್ನೂ ಒಂದೊಂದಾಗಿ ತುರುಕಿದರು. ಐದು ಬೀಗ ಬಿಚ್ಚಿಕೊಂಡವು. ಮೇಲಿನ ಸಾಲಿನ ನಡುವಿನದು ಮಿಸುಕಲಿಲ್ಲ.

"ಒಂದಾಯ್ತು," ಎಂದ ಅಯಲ್ನೆಹ್. "ನಾನೂ ಖೇಸೂ ಕಳ್ಳರಲ್ಲ. ಮನೆಯಲ್ಲಿ ಹೆಂಡತಿಗೆ ಹೇಳ್ಬೇಕು, ನಂಬ್ತಾಳೋ ನೋಡೋಣ."

ಮತ್ತೆ ಎಲ್ಲ ಬೀಗ ಹಾಕಿದರು. ಮೆಲಕು ಮತ್ತು ಎಮಹೋಯ್. ಮುದುಕಿಯ ಕೈಗಳನ್ನು ಲಕೆಚ್‌ಳೇ ತಿರುಗಿಸಿದಳು. ಐದು ಬಿಚ್ಚಿದವು. ಕೆಳಗಿನ ಸಾಲಿನ ಎಡಗಡೆಯದು ಉಳಿಯಿತು.

ಅಯಲ್ನೆಹ್ ಮತ್ತು ಎಮಹೋಯ್. ಇದೇ, ಎಂದು ಲಕೆಚ್‌ಳ ಮನಸ್ಸು ಹೇಳುತ್ತಿತ್ತು. ಇದೇ ಆಗಲಿ ದೇವರೇ. ಮುದುಕಿ ಮಲಗಿದ್ದಾಗ ಈ ದೊಡ್ಡ ಬಾಯಿಯವನು ಅವಳ ಕೊರಳಿನ ಗೊಂಚಲನ್ನು ಹಾರಿಸಿರಲಿ. ಅವಳು ಒಬ್ಬ ಮನುಷ್ಯನ ಕೆಟ್ಟದ್ದಕ್ಕೆ ಇಷ್ಟು ಮನಸ್ಸಿಟ್ಟು ಬೇಡಿಕೊಂಡದ್ದು ಅದೇ ಮೊದಲು.

ನಾಲ್ಕು ಬೀಗ ಬಿಚ್ಚಿದವು. ಎರಡು ಉಳಿದವು. ಮೇಲಿನ ಎಡಗಡೆಯದು, ಕೆಳಗಿನ ಬಲಗಡೆಯದು.

"ಎರಡು ಯಾಕೆ?" ಎಂದ ತಫೆರೆ. "ಜೋಡಿಗೆ ಒಂದು ಅಂದೆಯಲ್ಲ ಮಗಳೇ?"

ಅಯಲ್ನೆಹ್ ತನ್ನ ಮೂರನೆಯ ಕೈಯನ್ನು ತುರುಕಿ ತಿರುಚಿದ, ಉಗುಳು ಹಚ್ಚಿ ಮತ್ತೆ ತಿರುಚಿದ. "ಇದು ಮಳೆಗಾಲದಿಂದ ಯಾವುದಕ್ಕೂ ಹಿಡೀತಿಲ್ಲ. ತುಕ್ಕು ಇರ್ಬೇಕು. ನನಗ್ಯಾಕೆ ತಲೆನೋವು, ಹಬ್ಬದ ದಿನ ಯಾರೋ ಒಬ್ಬರು ತೆಗೀತಾರೆ."

ಲಕೆಚ್‌ಳ ತಲೆಯೊಳಗೆ ಕಾಳುಗಳು ತಾವಾಗಿಯೇ ಸರಿದು ಕೂತವು. ಅಯಲ್ನೆಹ್‌ನ ಕೈ ಕಮರಿಗೆ ಎಸೆದ ಹಳೆಯ ಬೀಗದ ಕೈ. ಅದಕ್ಕೇ ಅದು ಎಲ್ಲಿಯೂ ಹಿಡಿಯುವುದಿಲ್ಲ. ಉಳಿದ ಎರಡರಲ್ಲಿ ಒಂದು ಈ ಜೋಡಿಯದೇ ಬೀಗ, ಇನ್ನೊಂದು ಗೊಬೆಜೆ ಮಾಡಿದ ಹೊಸ ಬೀಗ. ದಮ್ತೆಯಿಲ್ಲದ ಜೋಡಿಗಳು ಮೂರೇ, ಮೂರೂ ತಮ್ಮ ತಮ್ಮ ಬೀಗದೆದುರು ನಿಂತುಬಿಟ್ಟಿದ್ದವು. ಬಾಗಿಲಿನಲ್ಲಿ ಉಳಿದ ಮೂರು ಬೀಗಗಳು ದಮ್ತೆಯನ್ನೂ ಜೊತೆಗೆ ಇನ್ನೊಬ್ಬರನ್ನೂ ತಡೆಯಲು ಹಾಕಿದವು. ಹೊಸದು ಆ ಮೂರರಲ್ಲಿ ಒಂದು.

ಇನ್ನು ನೋಡುವುದು ಏನೂ ಇರಲಿಲ್ಲ.

"ಸಾಕು," ಎಂದಳು.

"ಯಾಕೆ ಸಾಕು?" ಅಯಲ್ನೆಹ್ ಅವಳ ಮುಖವನ್ನೇ ನೋಡುತ್ತಿದ್ದ. "ಆರು ಅಂದೆ, ಮೂರಾಯ್ತು. ನಾವು ಹಳ್ಳಿಯವರು ನಿಜ, ಮೂರು ಕಳೆದ್ರೆ ಮೂರು ಉಳಿಯುತ್ತೆ ಅನ್ನೋದು ನಮಗೂ ಬರುತ್ತೆ."

"ಹೊತ್ತಾಯ್ತು ಅಂದೆ."

"ಬೆಳಕಿದೆ. ನಿನ್ನ ತಮ್ಮನ್ನ ಕರೆಸು. ಇಲ್ಲ, ನಿನಗೇನೋ ಗೊತ್ತಾಗಿಬಿಟ್ಟಿದೆ, ಅದನ್ನ ಹೇಳು."

ತಫೆರೆ ಕೋಲಿನಿಂದ ಸನ್ನೆ ಮಾಡಿದ. ದಮ್ತೆಯನ್ನು ಬೇಲಿಯಿಂದ ಹೊರಗೆ ತಂದರು. ಹೊದ್ದ ಗಾಬಿ ಹೆಗಲಿನಿಂದ ಜಾರಿತ್ತು, ಕೆನ್ನೆ ಒಳಕ್ಕೆ ಹೋಗಿತ್ತು. ಅಕ್ಕನನ್ನು ನೋಡಿ ಅವನು ಚಿಕ್ಕಂದಿನಲ್ಲಿ ಮಡಕೆ ಒಡೆದಾಗ ನಿಲ್ಲುತ್ತಿದ್ದ ಹಾಗೆ ನಿಂತ. ಲಕೆಚ್‌ಳಿಗೆ ಅವನನ್ನು ಎಳೆದುಕೊಂಡು ಎಲ್ಲಿಗಾದರೂ ಓಡಿಹೋಗಬೇಕೆನಿಸಿತು. ಸುತ್ತ ಊರೇ ನಿಂತಿತ್ತು.

ಮೆಲಕು ಮತ್ತು ದಮ್ತೆ. ಒಂದು ಉಳಿಯಿತು.

ಅಯಲ್ನೆಹ್ ಮತ್ತು ದಮ್ತೆ. ಒಂದು ಉಳಿಯಿತು. ಅಯಲ್ನೆಹ್ ಗಟ್ಟಿಯಾಗಿ ಉಸಿರು ಬಿಟ್ಟ. ಅವನೂ ಹೆದರಿದ್ದ, ಪಾಪ.

ಉಳಿದದ್ದು ಒಂದೇ ಜೋಡಿ. ಮುದುಕಿಯ ಗೊಂಚಲು ಲಕೆಚ್‌ಳ ಅಂಗೈಯಲ್ಲಿತ್ತು. ಅದನ್ನು ಕೊಡುವಾಗ ಅವಳು ತಮ್ಮನ ಕಿವಿಗೆ ಮಾತ್ರ ಕೇಳುವಂತೆ ಅಂದಳು: "ಇಸ್ಕೊಂಡ ಮಾತನ್ನ ವಾಪಸ್ ಕೊಟ್ಟಿದ್ದೀನಿ ಅಂದ್ಲು."

"ಎಮಹೋಯ್? ಅವಳೇ ಅಂದ್ಲಾ?"

"ಹೂಂ."

ದಮ್ತೆಯ ಕಣ್ಣು ತುಂಬಿತು. ಅವನು ಬಾಗಿಲಿನ ಕಡೆಗೆ ತಿರುಗಿದ. ಮಿಕ್ಕವರೆಲ್ಲ ಒಂದೊಂದು ಬೀಗಕ್ಕೂ ಮೂರು ಮೂರು ಕೈ ತುರುಕಿ ತಡಕಾಡಿದ್ದರು. ಅವನು ತಡಕಾಡಲಿಲ್ಲ. ಯಾವ ಕೈ ಯಾವ ಬೀಗಕ್ಕೆ ಎಂದು ಅವನ ಬೆರಳುಗಳಿಗೆ ಗೊತ್ತಿತ್ತು. ಒಂದು, ಎರಡು, ಮೂರು. ಜನ ಇದನ್ನು ಗಮನಿಸಿದರು, ಗುಜುಗುಜು ನಿಂತಿತು. ನಾಲ್ಕು, ಐದು. ಆರನೆಯದು ಕೆಳಗಿನ ಬಲಗಡೆಯದು. ತನ್ನದೇ ಗೊಂಚಲಿನ ಒಂದು ಕೈಯಿಂದ ಅವನು ಅದನ್ನು ತಿರುಗಿಸಿದ, ಅದು ಬಿಚ್ಚಿಕೊಂಡಿತು.

ಬಾಗಿಲು ತನ್ನ ಭಾರಕ್ಕೆ ತಾನೇ ಅರ್ಧ ತೆರೆಯಿತು.

"ಜೋಡಿ ಯಾವುದು ಅಂತ ನೀನೇ ಹೇಳು ಮಗಳೇ," ಎಂದ ತಫೆರೆ. "ಲೆಕ್ಕ ನಿನ್ನದು."

ಇಡೀ ಊರಿಗೆ ಗೊತ್ತಾಗದೆ ಇದ್ದದ್ದನ್ನು ಗೊತ್ತುಮಾಡಿಕೊಟ್ಟವಳು ಅವಳು. ಅವಳು ಬರದೇ ಇದ್ದಿದ್ದರೆ ದಮ್ತೆಯ ಮೇಲೆ ಇದ್ದದ್ದು ಬರೀ ಅನುಮಾನ. ಈಗ ಅದಕ್ಕೆ ರುಜುವಾತು ಸಿಕ್ಕಿತ್ತು, ಜೊತೆಗೆ ಇನ್ನೊಂದು ಹೆಸರೂ ಸಿಕ್ಕಿತ್ತು. ತನ್ನ ಜಾಣತನಕ್ಕೆ ಬೆಂಕಿ ಬೀಳಲಿ ಎಂದುಕೊಂಡಳು.

"ದಮ್ತೆ ಮತ್ತು ಎಮಹೋಯ್ ಜೆನೆಬೆಚ್," ಎಂದಳು.

ಹೆಂಗಸರ ಗುಂಪಿನಲ್ಲಿ ಯಾರೋ ಅಳತೊಡಗಿದರು.

"ಪುಸ್ತಕ ತನ್ನಿ," ಎಂದ ದಮ್ತೆ. ಅಷ್ಟು ದಿನ ಬಾಯಿ ಬಿಡದಿದ್ದವನ ದನಿ ಒಡೆದಿತ್ತು. "ಈಗ ನಾನು ಆಣೆ ಮಾಡ್ತೀನಿ. ಯಾರೂ ತಡೀಬೇಡಿ."

ಪುಸ್ತಕದ ಮೇಲೆ ಕೈಯಿಟ್ಟು ಆಡಿದ ಮಾತನ್ನು ಹಿರಿಯರು ಕೇಳಲೇಬೇಕು, ವಿಚಾರಿಸಲೇಬೇಕು. ಬರಿಗೈಯಲ್ಲಿ ಆಡಿದ್ದು ಗಾಳಿಗೆ ಹೋದ ಹಾಗೆ. ತಫೆರೆ ಮೆಲಕು ಅವರ ಕಡೆಗೆ ನೋಡಿದ. ಅವರು ಒಂದು ಗಳಿಗೆ ತಡೆದು, ಬಟ್ಟೆ ಸರಿಸಿ ಪುಸ್ತಕವನ್ನು ಮುಂದೆ ಹಿಡಿದರು. ದಮ್ತೆ ಅಂಗೈಯನ್ನು ಅದರ ಮೇಲೆ ಊರಿದ.

"ಸಂತೆ ದಿನ ಬಾಗಿಲು ತೆಗೆದದ್ದು ನಾವಿಬ್ಬರೇ. ಎಮಹೋಯ್ ಬಿದ್ದದ್ದು ಬಾವಿ ಹತ್ತಿರ ಅಲ್ಲ, ಈ ಮೆಟ್ಟಿಲ ಮೇಲೆ. ಅವಳಿಗೆ ಮುಂಚಿನಿಂದಲೂ ಒಂದು ಅನುಮಾನ ಇತ್ತು, ನೋಡ್ಬೇಕು ಅಂದಳು. ನಾವು ತೆಗೆದಾಗ ಒಳಗೆ ಶಿಲುಬೆ..."

ಖೇಸ್ ಮೆಲಕು ಪುಸ್ತಕವನ್ನು ಅವನ ಕೈಕೆಳಗಿನಿಂದ ಎಳೆದುಕೊಂಡರು.

ದಮ್ತೆಯ ಕೈ ಗಾಳಿಯಲ್ಲೇ ಉಳಿಯಿತು.

"ಕಳ್ಳನ ಕೈ ತಾಗಿದ್ರೆ ಪುಸ್ತಕ ಮೈಲಿಗೆ ಆಗುತ್ತೆ," ಎಂದರು ಮೆಲಕು. ದನಿ ಮೊದಲಿನ ಹಾಗೇ ಮೆತ್ತಗಿತ್ತು. ಪುಸ್ತಕ ಹಿಡಿದ ಬೆರಳುಗಳು ಮಾತ್ರ ಬಿಳಿಚಿಕೊಂಡಿದ್ದವು.

"ಅವನು ಹೇಳಿ ಮುಗಿಸ್ಲಿ ಖೇಸ್," ಎಂದವನು ಬೇರೆ ಯಾರೂ ಅಲ್ಲ, ಅಯಲ್ನೆಹ್. "ಇಷ್ಟು ದಿನ ಆಣೆ ಮಾಡಲಿಲ್ಲ ಅಂತ ತಾನೆ ನಾವು ಕೂತಿದ್ದದ್ದು? ಈಗ ಮಾಡ್ತಿದ್ದಾನಲ್ಲ."

"ಹೊತ್ತು ಮುಳುಗಿತು."

ಮುಳುಗಿರಲಿಲ್ಲ. ಇಗರ್ಜಿಯ ಹಿಂದಿನ ಮರಗಳ ತುದಿಯಲ್ಲಿ ಬಿಸಿಲು ಇನ್ನೂ ಕೆಂಪಗೆ ಇತ್ತು, ಎಲ್ಲರಿಗೂ ಕಾಣುತ್ತಿತ್ತು. ತಫೆರೆ ಕೋಲೆತ್ತಿ ಏನೋ ಹೇಳಲು ಹೊರಟ. ಹಸಿದ ಗಂಡಸರು ಬೇಲಿಯೊಳಗೆ ಎದ್ದು ನಿಂತು, ಓದಿ, ಓದಿ ಮುಗಿಸಿ ಎಂದು ಕೂಗತೊಡಗಿದರು. ಅವನ ಮಾತು ಅದರಲ್ಲಿ ಕೊಚ್ಚಿಹೋಯಿತು.

"ಖಾಲಿ ಇತ್ತು ಅಕ್ಕ," ಎಂದ ದಮ್ತೆ ಆ ಗದ್ದಲದಲ್ಲಿ. "ನಾವು ತೆಗೆದಾಗಲೇ ಪೆಟ್ಟಿಗೆ ಖಾಲಿ ಇತ್ತು."

ಅವನ ಕೈ ಯಾವ ಪುಸ್ತಕದ ಮೇಲೂ ಇರಲಿಲ್ಲ. ಕೇಳಿದವಳು ಲಕೆಚ್ ಒಬ್ಬಳೇ.

ಮೆಲಕು ಶಾಪದ ಪುಟ ತೆರೆದು ಪಶ್ಚಿಮಕ್ಕೆ ಮುಖ ಮಾಡಿ ನಿಂತರು. ಮೂರು ಸಲ ಕೂಗಿದ ಹೆಸರನ್ನು ಆಮೇಲೆ ಯಾವ ದೊಡ್ಡ ಗುರುವೂ ಬಿಡಿಸಿ ತರಲಾರ. ಲಕೆಚ್ ಜನರನ್ನು ಮೊಣಕೈಯಲ್ಲಿ ತಳ್ಳಿಕೊಂಡು ಅವರ ಕಡೆಗೆ ನುಗ್ಗಿದಳು. ಯಾರೋ ಅವಳ ಸೆರಗು ಹಿಡಿದರು, ಯಾರೋ ತೋಳು ಹಿಡಿದರು. ಅಷ್ಟರಲ್ಲಿ ಮೊದಲನೆಯ ಸಲ ಹೆಸರು ಕೂಗಿಯಾಗಿತ್ತು.

ಕೂಗಿದ್ದು ದಮ್ತೆಯ ಹೆಸರಲ್ಲ, ಮೊದಲು ಅನುಮಾನಪಟ್ಟವಳ ಹೆಸರು. ಜೆನೆಬೆಚ್, ಎಂದು ಕೂಗಿದ್ದರು ಮೆಲಕು.